ವಯಃಸಂಧಿಯ ಉಪದೇಶ: ಶಾಸ್ತ್ರಗಳಲ್ಲಿ ಅದರ ನೆಲೆ, ಆಚಾರದಲ್ಲಿ ಅದರ ಲೋಪ

ಬಾಲ್ಯವು ಸರಿದು ಯೌವನವು ಮೊಳೆಯುವ ಕಾಲಕ್ಕೆ ವಯಃಸಂಧಿಯೆಂದು ಹೆಸರಿಟ್ಟು ಅದನ್ನು ವರ್ಣಿಸುವುದರಲ್ಲಿ ಸಂಸ್ಕೃತಕವಿಗಳೂ ಕನ್ನಡಕವಿಗಳೂ ಎಂದೂ ದಣಿದವರಲ್ಲ. ನಾಯಿಕೆಯ ನಡೆಯಲ್ಲಿ, ನೋಟದಲ್ಲಿ, ಮಾತಿನಲ್ಲಿ ತೋರುವ ಹೊಸತನವನ್ನು ಹೇಳುವ ಪದ್ಯಗಳು ಕಾವ್ಯಗಳಲ್ಲಿ ಹೇರಳವಾಗಿವೆ. ಇಂತಹ ಭಾಗವು ಪಾಠಕ್ಕೆ ಬಂದಾಗ ಉಪಾಧ್ಯಾಯರು ಅಲಂಕಾರದ ಹೆಸರನ್ನು ಹೇಳಿ ಬೇಗನೆ ಮುಂದಿನ ಪದ್ಯಕ್ಕೆ ಸಾಗುವುದು ರೂಢಿ. ವಿದ್ಯಾರ್ಥಿಗಳೂ ತಲೆತಗ್ಗಿಸಿ ಅರ್ಥವನ್ನು ಬರೆದುಕೊಳ್ಳುವರು. ಕವಿಯು ವರ್ಣಿಸಿದ ವಯಸ್ಸು ತರಗತಿಯಲ್ಲಿ ಕುಳಿತವರ ವಯಸ್ಸೇ ಎಂಬುದನ್ನು ಎರಡು ಕಡೆಯವರೂ ಬಲ್ಲರು. ಎರಡು ಕಡೆಯವರೂ ಆಡರು.

ಆ ವಯಸ್ಸಿನವರಿಗೆ ತಮ್ಮ ದೇಹದಲ್ಲಿ ನಡೆಯುತ್ತಿರುವುದೇನು, ಮುಂದೆ ಗಂಡುಹೆಣ್ಣುಗಳು ಒಬ್ಬರೊಡನೊಬ್ಬರು ನಡೆದುಕೊಳ್ಳಬೇಕಾದ ಬಗೆ ಯಾವುದು, ಎಂಬುದನ್ನು ಪ್ರಾಚೀನರು ಹೇಳಿಕೊಡುತ್ತಿದ್ದರೇ? ಹೇಳಿಕೊಡುತ್ತಿದ್ದುದಾದರೆ ಯಾರು, ಯಾವಾಗ, ಎಷ್ಟನ್ನು? ಈ ಪ್ರಶ್ನೆಗೆ ಸಾಮಾನ್ಯವಾಗಿ ಎರಡು ಉತ್ತರಗಳು ದೊರೆಯುತ್ತವೆ. ಇಂತಹ ಶಿಕ್ಷಣವೆಂಬುದೇ ಪರದೇಶದಿಂದ ಬಂದ ಹೊಸ ಸರಕು, ಭಾರತೀಯರಲ್ಲಿ ಅದರ ಹೆಸರೇ ಇರಲಿಲ್ಲವೆಂಬುದು ಒಂದು. ದೇವಾಲಯಗಳ ಶಿಲ್ಪಗಳನ್ನು ತೋರಿಸಿ, ಪ್ರಾಚೀನರು ಎಲ್ಲವನ್ನೂ ಎಲ್ಲರಿಗೂ ತೆರೆದು ಹೇಳುತ್ತಿದ್ದರೆಂಬುದು ಇನ್ನೊಂದು. ಗ್ರಂಥಗಳನ್ನು ಬಿಚ್ಚಿ ನೋಡಿದರೆ ಇವೆರಡೂ ನಿಲ್ಲುವುದಿಲ್ಲ. ಅಲ್ಲಿ ಕಾಣುವುದು ಬೇರೆಯೇ ಆದ ಒಂದು ವ್ಯವಸ್ಥೆ. ದೇಹದಲ್ಲಿ ಯೌವನದ ಚಿಹ್ನೆ ತೋರುವುದಕ್ಕೂ ದಾಂಪತ್ಯವು ಮೊದಲಾಗುವುದಕ್ಕೂ ನಡುವೆ ಶಾಸ್ತ್ರಕಾರರು ಒಂದು ಅಂತರವನ್ನು ಇಟ್ಟಿದ್ದರು. ಅದು ಒಂದೆಡೆ ಮೂರು ರಾತ್ರಿಗಳದು, ಒಂದೆಡೆ ಒಂದು ಸಂವತ್ಸರದ್ದು, ಒಂದೆಡೆ ನಾಲ್ಕು ವರ್ಷಗಳದು. ಉಪದೇಶಕ್ಕೆ ಎಡೆಯಿದ್ದುದು ಈ ಅಂತರದಲ್ಲಿ. ಅಂತರವು ಮುಚ್ಚಿಹೋದಾಗ ಉಪದೇಶವೂ ನೆಲೆ ತಪ್ಪಿತು.

ಮೊದಲು ಆಯುರ್ವೇದವನ್ನು ನೋಡಬಹುದು. ಸಂಕೋಚವಿಲ್ಲದೆ ಮಾತನಾಡಿದ ಶಾಸ್ತ್ರ ಅದೊಂದೇ. ಸುಶ್ರುತಸಂಹಿತೆಯ ಸೂತ್ರಸ್ಥಾನದ 14ನೆಯ ಅಧ್ಯಾಯವು ರಕ್ತವನ್ನು ವಿವರಿಸುವ ಅಧ್ಯಾಯ. ಸ್ತ್ರೀಯರಲ್ಲಿ ರಸಧಾತುವಿನಿಂದಲೇ ರಜಸ್ಸು ಉಂಟಾಗುವುದೆಂದೂ, ಅದು 12ನೆಯ ವರ್ಷದಿಂದ ಮೊದಲಾಗಿ 50ನೆಯ ವರ್ಷದ ವೇಳೆಗೆ ಕ್ಷೀಣಿಸುವುದೆಂದೂ ಅಲ್ಲಿ ಹೇಳಿದೆ. ಶಾಪವಿಲ್ಲ, ಪಾಪವಿಲ್ಲ, ಧಾತುಗಳ ಲೆಕ್ಕ ಮಾತ್ರ. ಮಕ್ಕಳಲ್ಲಿ ಶುಕ್ರವು ಏಕೆ ಕಾಣುವುದಿಲ್ಲವೆಂಬ ಪ್ರಶ್ನೆಗೆ ಅದೇ ಅಧ್ಯಾಯದಲ್ಲಿ ಒಂದು ಸೊಗಸಾದ ದೃಷ್ಟಾಂತವಿದೆ. ಮೊಗ್ಗಿನಲ್ಲಿ ಕಂಪು ಇದೆಯೆಂದು ಹೇಳಲೂ ಆಗದು, ಇಲ್ಲವೆಂದು ಹೇಳಲೂ ಆಗದು. ಇದ್ದರೂ ಸೂಕ್ಷ್ಮವಾಗಿರುವುದರಿಂದ ತಿಳಿಯದು, ಹೂವು ಅರಳಿದಾಗ ತಾನಾಗಿ ಹೊರಹೊಮ್ಮುವುದು. ಹಾಗೆಯೇ ವಯಸ್ಸು ಬಂದಾಗ ಹುಡುಗರಲ್ಲಿ ಶುಕ್ರವೂ ಹುಡುಗಿಯರಲ್ಲಿ ರೋಮರಾಜಿ ಮೊದಲಾದ ಚಿಹ್ನೆಗಳೂ ತೋರುವವೆಂದು ಆಚಾರ್ಯನು ವಿವರಿಸುವನು. ಹನ್ನೆರಡು ಹದಿಮೂರು ವರ್ಷದ ಮಕ್ಕಳಿಗೆ ಈ ವಿಷಯವನ್ನು ಹೇಳಬೇಕಾದವನು ಇದಕ್ಕಿಂತ ಮೃದುವಾದ ಮಾತನ್ನು ಎಲ್ಲಿಂದ ತಂದಾನು? ಆದರೆ ಈ ಮಾತು ವೈದ್ಯವಿದ್ಯಾರ್ಥಿಗೆ ಹೇಳಿದುದೇ ಹೊರತು ಮಕ್ಕಳಿಗೆ ಹೇಳಿದುದಲ್ಲವೆಂಬುದನ್ನೂ ಮರೆಯಲಾಗದು.

ಶಾರೀರಸ್ಥಾನದ 10ನೆಯ ಅಧ್ಯಾಯದಲ್ಲಿ ವಿವಾಹವಯಸ್ಸಿನ ವಿಚಾರ ಬರುತ್ತದೆ. ಇಲ್ಲಿ ಪಾಠಭೇದವೊಂದು ವಿದ್ವಾಂಸರನ್ನು ಬಹುಕಾಲ ಕಾಡಿದೆ. 25 ವರ್ಷದ ಪುರುಷನಿಗೆ 12 ವರ್ಷದ ಕನ್ಯೆಯನ್ನು ತರಬೇಕೆಂದು ಕೆಲವು ಪ್ರತಿಗಳು ಓದುವುವು. 16 ವರ್ಷದವಳನ್ನೆಂದು ಬೇರೆ ಕೆಲವು. ಯಾವ ಪಾಠವನ್ನು ಹಿಡಿದರೂ ಅದರ ಮುಂದಿನ ವಚನದಲ್ಲಿ ಸಂದೇಹವಿಲ್ಲ. 16 ತುಂಬದವಳಲ್ಲಿ 25 ತುಂಬದವನಿಂದ ಗರ್ಭವು ನಿಂತರೆ ಅದು ಹೊಟ್ಟೆಯಲ್ಲಿಯೇ ಅಳಿಯುವುದು, ಹುಟ್ಟಿದರೂ ಬಹುಕಾಲ ಬಾಳದು, ಬಾಳಿದರೂ ದುರ್ಬಲೇಂದ್ರಿಯವಾಗುವುದು. ಆದ್ದರಿಂದ ಅತಿಬಾಲೆಯಲ್ಲಿ ಗರ್ಭಾಧಾನವನ್ನು ಮಾಡಿಸಕೂಡದು. ಸೂತ್ರಸ್ಥಾನದ 35ನೆಯ ಅಧ್ಯಾಯದಲ್ಲಿಯೂ 25ರ ಪುರುಷನೂ 16ರ ಸ್ತ್ರೀಯೂ ಸಮಾನವೀರ್ಯರೆಂದು ಹೇಳಿದೆ. ಅಷ್ಟಾಂಗಹೃದಯದಲ್ಲಿ ವಾಗ್ಭಟನು ಪುರುಷನ ವಯಸ್ಸನ್ನು 20ಕ್ಕೆ ಇಳಿಸಿದರೂ ಸ್ತ್ರೀಯ 16ನ್ನು ಹಾಗೆಯೇ ಉಳಿಸಿಕೊಂಡನು. ಹನ್ನೆರಡೆಂಬ ಪಾಠವನ್ನೇ ಮೂಲವೆಂದು ಒಪ್ಪಿದರೂ ಫಲಿತಾರ್ಥವು ಸ್ಪಷ್ಟವಾಗಿದೆ: ವಿವಾಹಕ್ಕೂ ಗರ್ಭಾಧಾನಕ್ಕೂ ನಡುವೆ ನಾಲ್ಕು ವರ್ಷ. ಪಾಠಭೇದದ ಜಗಳದಲ್ಲಿ ಮುಳುಗಿದವರು ಈ ನಾಲ್ಕು ವರ್ಷಗಳನ್ನು ಗಮನಿಸದೆ ಹೋದುದು ವಿಚಿತ್ರ.

ಹುಡುಗನ ವಿಷಯದಲ್ಲಿ ಚರಕನು ಚಿಕಿತ್ಸಾಸ್ಥಾನದ ವಾಜೀಕರಣಾಧ್ಯಾಯದಲ್ಲಿ ಇನ್ನೊಂದು ದೃಷ್ಟಾಂತವನ್ನು ಕೊಡುವನು. ಧಾತುಗಳು ಇನ್ನೂ ತುಂಬದ ಅತಿಬಾಲನು ಸ್ತ್ರೀಸಂಗಕ್ಕೆ ಹೋದರೆ ಅಲ್ಪಜಲವುಳ್ಳ ಕೆರೆಯಂತೆ ಬೇಗನೆ ಬತ್ತಿಹೋಗುವನಂತೆ. 16 ವರ್ಷಕ್ಕೆ ಮೊದಲೂ 70ಕ್ಕೆ ಮೇಲೂ ಅದು ಸಲ್ಲದು. ಇಂದಿನ ವೈದ್ಯಶಾಸ್ತ್ರವು ಧಾತುಕ್ಷಯದ ಈ ಕಲ್ಪನೆಯನ್ನು ಒಪ್ಪುವುದಿಲ್ಲ. ಆದರೆ ಇಲ್ಲಿ ಹೋಲಿಸಿ ನೋಡತಕ್ಕ ಮಾತೊಂದು ಮನುಸ್ಮೃತಿಯ ಎರಡನೆಯ ಅಧ್ಯಾಯದಲ್ಲಿದೆ. ಬ್ರಹ್ಮಚಾರಿಯು ಬೇಕೆಂದು ವ್ರತವನ್ನು ಕೆಡಿಸಿಕೊಂಡರೆ ದೋಷವೆಂದು ಹೇಳಿದ ಸ್ಮೃತಿಕಾರನು, ಒಡನೆಯೇ, ಕನಸಿನಲ್ಲಿ ತನ್ನ ಇಚ್ಛೆಯಿಲ್ಲದೆ ಸ್ಖಲನವಾದರೆ ಸ್ನಾನಮಾಡಿ ಸೂರ್ಯನನ್ನು ಅರ್ಚಿಸಿ ಒಂದು ಋಕ್ಕನ್ನು ಮೂರು ಸಲ ಜಪಿಸಿದರೆ ಸಾಕೆನ್ನುವನು. ಇಚ್ಛೆಯಿಂದಾದುದು ಬೇರೆ, ದೇಹಧರ್ಮದಿಂದಾದುದು ಬೇರೆ ಎಂಬ ಈ ವಿವೇಕವು ಗುರುಕುಲದ ಹುಡುಗನಿಗೆ ಸ್ಪಷ್ಟವಾಗಿ ತಿಳಿಯುತ್ತಿದ್ದಿತು. ನಡೆದುದನ್ನು ಮುಚ್ಚಿಟ್ಟು ನಡುಗಬೇಕಾದ ಕಾರಣವಿರಲಿಲ್ಲ. ಸಾವಿರ ವರ್ಷಗಳಿಗೂ ಮೇಲ್ಪಟ್ಟು ಕಾಲ ಕಳೆದಮೇಲೆ ವೃತ್ತಪತ್ರಿಕೆಗಳಲ್ಲಿ ಧಾತುಪುಷ್ಟಿಯ ಗುಳಿಗೆಗಳನ್ನು ಮಾರುವವರು ಅದೇ ದೇಹಧರ್ಮವನ್ನು ಮಹಾರೋಗವೆಂದು ಹೆದರಿಸಿ ಎಳೆಯರಿಂದ ಹಣ ಸೆಳೆದರು. ಸ್ಮೃತಿಯ ಸ್ನಾನಕ್ಕೆ ಒಂದು ಕೊಡ ನೀರಷ್ಟೇ ಖರ್ಚು.

ಇನ್ನು ಗೃಹ್ಯಸೂತ್ರಗಳು. ಆಶ್ವಲಾಯನಗೃಹ್ಯವು ವಿವಾಹವಾದಮೇಲೆ ವಧೂವರರು ಕ್ಷಾರಲವಣಗಳನ್ನು ಬಿಟ್ಟು ಉಣ್ಣುತ್ತ, ನೆಲದಮೇಲೆ ಮಲಗುತ್ತ, ಬ್ರಹ್ಮಚರ್ಯದಿಂದಿರಬೇಕೆಂದು ವಿಧಿಸಿ, ಇದು ಮೂರು ರಾತ್ರಿ ಅಥವಾ ಹನ್ನೆರಡು ರಾತ್ರಿ ನಡೆಯಲೆನ್ನುವುದು; ಒಂದು ಸಂವತ್ಸರ ಹೀಗಿದ್ದರೆ ಋಷಿಯಂತಹ ಮಗನು ಹುಟ್ಟುವನೆಂಬ ಮತವನ್ನೂ ಕೊಡುವುದು. ಇತರ ಗೃಹ್ಯಗಳಲ್ಲಿಯೂ ತ್ರಿರಾತ್ರವ್ರತವು ಇದೆ. ನಾಲ್ಕನೆಯ ರಾತ್ರಿಯ ಚತುರ್ಥೀಕರ್ಮವಾದ ಬಳಿಕವೇ ಸಮಾಗಮ. ಇಂದು ಪುರೋಹಿತರು ಈ ನಿಯಮಗಳನ್ನು ಪ್ರಯೋಗದಲ್ಲಿ ಓದಿ ಮುಗಿಸುವರು. ಅವುಗಳ ಉದ್ದೇಶವೇನೆಂದು ಕೇಳುವವರಿಲ್ಲ. ಅಪರಿಚಿತರಿಬ್ಬರು ಒಂದೇ ಸೂರಿನಡಿ ಒಂದೇ ವ್ರತವನ್ನು ನಡೆಸಿ, ಒಂದೇ ಬಗೆಯ ಸಪ್ಪೆಯೂಟವನ್ನು ಉಂಡು, ಒಬ್ಬರನ್ನೊಬ್ಬರು ಮುಟ್ಟದೆ ಬಳಕೆಯಾಗಲೆಂಬುದು ಅದರ ಪ್ರಯೋಜನವೆಂದು ಊಹಿಸುವುದಕ್ಕೆ ಮುಂದೆ ಹೇಳುವ ವಾತ್ಸ್ಯಾಯನನ ಮಾತೇ ಆಧಾರ. ಸಪ್ತಪದಿಯ ಏಳು ಹೆಜ್ಜೆಗಳಲ್ಲಿ ಅನ್ನಕ್ಕೆ, ಬಲಕ್ಕೆ, ಸಂತತಿಗೆ ಒಂದೊಂದು ಹೆಜ್ಜೆಯಾದಮೇಲೆ ಕಡೆಯದು ಸಖ್ಯಕ್ಕೆ. ಏಳನೆಯ ಹೆಜ್ಜೆಯಲ್ಲಿ ವರನು ವಧುವನ್ನು ಕರೆಯುವುದು ಗೆಳತಿಯೆಂದು. ಗೆಳೆತನಕ್ಕೆ ಇಬ್ಬರೂ ಮಾತನಾಡಬಲ್ಲವರಾಗಿರಬೇಕು. ತೊಡೆಯಮೇಲೆ ನಿದ್ದೆಹೋದ ಮಗುವಿನೊಡನೆ ಸಖ್ಯವು ಎಂತಹುದು?

ಈ ಎಲ್ಲ ವಿಚಾರವು ಅತ್ಯಂತ ವಿಶದವಾಗಿ ಬಂದಿರುವುದು ವಾತ್ಸ್ಯಾಯನನ ಕಾಮಸೂತ್ರದಲ್ಲಿ. ಈ ಗ್ರಂಥದ ಹೆಸರನ್ನೆತ್ತಿದೊಡನೆ ಜನರ ಮನಸ್ಸು ಅದರ ಎರಡನೆಯ ಅಧಿಕರಣಕ್ಕೆ ಓಡುವುದು. ಏಳು ಅಧಿಕರಣಗಳಲ್ಲಿ ಅದೊಂದೇ ಲೋಕಪ್ರಸಿದ್ಧವಾದುದು ಗ್ರಂಥಕಾರನ ದುರದೃಷ್ಟ. ಮೊದಲನೆಯ ಅಧಿಕರಣದ ಮೂರನೆಯ ಅಧ್ಯಾಯಕ್ಕೆ ವಿದ್ಯಾಸಮುದ್ದೇಶವೆಂದು ಹೆಸರು. ಪುರುಷನು ಧರ್ಮಾರ್ಥವಿದ್ಯೆಗಳಿಗೆ ಅಡ್ಡಿಬಾರದಂತೆ ಈ ಶಾಸ್ತ್ರವನ್ನೂ ಅದರ ಅಂಗವಿದ್ಯೆಗಳನ್ನೂ ಕಲಿಯಬೇಕು. ಸ್ತ್ರೀಯು ಯೌವನಕ್ಕೆ ಮೊದಲೇ ಕಲಿಯಬೇಕು. ಮದುವೆಯಾದವಳು ಗಂಡನ ಅಭಿಪ್ರಾಯವನ್ನು ತಿಳಿದು ಕಲಿಯಬೇಕು. ಈ ಮೂರು ವಿಧಿಗಳಲ್ಲಿ ನಡುವಣದು ಮುಖ್ಯ. ಯೌವನವು ಬಂದಮೇಲಲ್ಲ, ಬರುವ ಮೊದಲು.

ಇದಕ್ಕೆ ಪೂರ್ವಪಕ್ಷವೂ ಉಂಟು. ಸ್ತ್ರೀಯರಿಗೆ ಶಾಸ್ತ್ರಗ್ರಹಣಶಕ್ತಿಯಿಲ್ಲ, ಆದ್ದರಿಂದ ಅವರಿಗೆ ಶಾಸನಮಾಡುವುದು ವ್ಯರ್ಥವೆಂದು ಆಚಾರ್ಯರ ಮತ. ವಾತ್ಸ್ಯಾಯನನು ಇದನ್ನು ಒಪ್ಪುವುದಿಲ್ಲ. ಪ್ರಯೋಗವು ಅವರಿಗೆ ತಿಳಿದೇ ಇದೆ. ಪ್ರಯೋಗಕ್ಕೆ ಮೂಲವು ಶಾಸ್ತ್ರ. ಶಾಸ್ತ್ರವನ್ನು ಓದದವರೂ ಅದರ ಫಲವನ್ನು ಬಳಸುವುದು ಎಲ್ಲ ವಿದ್ಯೆಗಳಲ್ಲಿಯೂ ಕಂಡದ್ದೇ. ವೈಯಾಕರಣರಲ್ಲದ ಯಾಜ್ಞಿಕರು ಮಂತ್ರದಲ್ಲಿ ಊಹಮಾಡುವುದಿಲ್ಲವೇ? ಅದಲ್ಲದೆ ಶಾಸ್ತ್ರದಿಂದಲೇ ಬುದ್ಧಿಯು ತಿದ್ದಲ್ಪಟ್ಟ ಗಣಿಕೆಯರೂ ರಾಜಪುತ್ರಿಯರೂ ಮಹಾಮಾತ್ರರ ಮಕ್ಕಳೂ ಇದ್ದಾರೆ. ಆದ್ದರಿಂದ ನಂಬಿಕೆಯ ಜನರಿಂದ ಏಕಾಂತದಲ್ಲಿ ಕಲಿಯಲಿ.

ಆ ನಂಬಿಕೆಯ ಜನರು ಯಾರೆಂಬುದನ್ನೂ ಎಣಿಸಿ ಹೇಳಿದೆ. ಒಟ್ಟಿಗೆ ಬೆಳೆದು ಈಗಾಗಲೇ ಸಂಸಾರವನ್ನು ಕಂಡಿರುವ ದಾದಿಯ ಮಗಳು, ಅಂತಹವಳೇ ಆದ, ಮುಚ್ಚುಮರೆಯಿಲ್ಲದೆ ಮಾತನಾಡಬಹುದಾದ ಗೆಳತಿ, ಸಮವಯಸ್ಕಳಾದ ತಾಯಿಯ ತಂಗಿ, ಚಿಕ್ಕಮ್ಮನಷ್ಟೇ ನಂಬತಕ್ಕ ಹಳೆಯ ದಾಸಿ, ಹಿಂದಿನಿಂದಲೂ ಪರಿಚಿತಳಾದ ಭಿಕ್ಷುಕಿ, ತನ್ನ ಅಕ್ಕ. ಈ ಪಟ್ಟಿಯಲ್ಲಿ ತಾಯಿಯಿಲ್ಲ. ಇದು ಪ್ರಮಾದದಿಂದ ಬಿಟ್ಟುಹೋದುದೆಂದು ಎಣಿಸಲಾಗದು. ತಾಯಿಮಗಳ ನಡುವೆ ಇರುವ ಸಂಕೋಚವನ್ನು ಬಲ್ಲವನೇ ಚಿಕ್ಕಮ್ಮನನ್ನು ಹೆಸರಿಸಿದನು, ಅವಳೂ ಸಮವಯಸ್ಕಳಾಗಿರಬೇಕೆಂದನು. ಹೇಳುವವಳು ಅನುಭವಸ್ಥಳಾಗಿರಬೇಕು, ಆದರೆ ಕೇಳುವವಳು ಹೆದರುವಷ್ಟು ಹಿರಿಯಳಾಗಿರಬಾರದು. ಗುರುವನ್ನು ಆರಿಸುವುದರಲ್ಲಿ ಇಷ್ಟು ಸೂಕ್ಷ್ಮವನ್ನು ನೋಡಿದ ಪ್ರಕರಣವು ಬೇರೆ ಶಾಸ್ತ್ರಗಳಲ್ಲಿ ವಿರಳ. ಹುಡುಗನಿಗೆ ಮಾತ್ರ ಇಂತಹ ಪಟ್ಟಿಯಿಲ್ಲ. ತೈತ್ತಿರೀಯೋಪನಿಷತ್ತಿನ ಆಚಾರ್ಯನು ವಿದ್ಯೆ ಮುಗಿಸಿದ ಶಿಷ್ಯನಿಗೆ ಸಂತತಿಯ ಎಳೆಯನ್ನು ಕಡಿಯಬೇಡವೆಂದು ಹೇಳಿದನೇ ವಿನಾ ಅದಕ್ಕಿಂತ ಹೆಚ್ಚನ್ನು ಹೇಳಲಿಲ್ಲ. ಹುಡುಗನಿಗೆ ಹೇಳಬೇಕಾದ ಮಾತೆಲ್ಲ ಕಾಮಸೂತ್ರದ ಮೂರನೆಯ ಅಧಿಕರಣದಲ್ಲಿ, ಅವನು ವರನಾದಮೇಲೆ ಬರುತ್ತದೆ.

ಆ ಅಧಿಕರಣದ ಎರಡನೆಯ ಅಧ್ಯಾಯವೇ ಕನ್ಯಾವಿಸ್ರಂಭಣ, ಎಂದರೆ ಕನ್ಯೆಯಲ್ಲಿ ನಂಬಿಕೆಯನ್ನು ಹುಟ್ಟಿಸುವುದು. ಗೃಹ್ಯಸೂತ್ರದ ತ್ರಿರಾತ್ರವ್ರತವನ್ನೇ ಹೇಳಿ ಅಧ್ಯಾಯವು ಮೊದಲಾಗುತ್ತದೆ: ನೆಲದಮೇಲೆ ಶಯನ, ಬ್ರಹ್ಮಚರ್ಯ, ಕ್ಷಾರಲವಣವಿಲ್ಲದ ಆಹಾರ, ಅನಂತರ ಏಳು ದಿನ ಮಂಗಳಸ್ನಾನ, ಅಲಂಕಾರ, ಸಹಭೋಜನ, ಬಂಧುಸತ್ಕಾರ. ಈ ರಾತ್ರಿಗಳಲ್ಲಿ ವರನು ಕಂಬದಂತೆ ಸುಮ್ಮನಿದ್ದರೆ ವಧುವು ಬೇಸತ್ತು ಅವನನ್ನು ನಪುಂಸಕನೆಂದು ತಿರಸ್ಕರಿಸುವಳೆಂದು ಬಾಭ್ರವೀಯರು ಆಕ್ಷೇಪಿಸುವರು. ವಾತ್ಸ್ಯಾಯನನ ಸಮಾಧಾನವೇನೆಂದರೆ, ಅವನು ಬಳಿಸಾರಲಿ, ನಂಬಿಕೆಯನ್ನು ಗಳಿಸಲಿ, ಆದರೆ ಬ್ರಹ್ಮಚರ್ಯವನ್ನು ಮೀರದಿರಲಿ. ಯಾವುದನ್ನೂ ಬಲಾತ್ಕಾರದಿಂದ ಮಾಡದಿರಲಿ. ಹೆಂಗಸರು ಹೂವಿನ ಸ್ವಭಾವದವರು, ಮೃದುವಾಗಿ ಸಮೀಪಿಸತಕ್ಕವರು. ನಂಬಿಕೆ ಹುಟ್ಟುವ ಮೊದಲೇ ಬಲದಿಂದ ಮೇಲೆಬಿದ್ದರೆ ಸಮಾಗಮವನ್ನೇ ದ್ವೇಷಿಸುವವರಾಗುವರು. ಸುಶ್ರುತನ ಮೊಗ್ಗಿನ ಜತೆಯಲ್ಲಿ ವಾತ್ಸ್ಯಾಯನನ ಈ ಹೂವನ್ನೂ ಇಟ್ಟು ನೋಡಿದರೆ, ಒಂದೇ ಉಪಮಾನವು ಒಂದೆಡೆ ದೇಹವನ್ನೂ ಇನ್ನೊಂದೆಡೆ ಮನಸ್ಸನ್ನೂ ತಿಳಿಸುತ್ತಿರುವುದು ಕಾಣುತ್ತದೆ.

ಮುಂದೆ ಬರುವುದು ಸಂಭಾಷಣೆಯ ಪಾಠ. ತಾಂಬೂಲವನ್ನು ಕೊಡುವ ನೆಪದಲ್ಲಿ ಮಾತು ತೆಗೆಯಬೇಕು. ಉತ್ತರವು ಬಾರದಿದ್ದರೆ ಸಣ್ಣ ಮಾತಿನಲ್ಲಿ ಏನೂ ತಿಳಿಯದವನಂತೆ ಮತ್ತೆ ಮತ್ತೆ ಕೇಳಬೇಕು. ಹುಡುಗಿಯರು ಪುರುಷನ ಮಾತನ್ನು ಸಹಿಸಿಕೊಂಡು ಕೇಳುವರು, ಆದರೆ ತಾವು ಒಂದು ಸಣ್ಣ ಮಾತನ್ನೂ ಆಡರೆಂದು ಘೋಟಕಮುಖನ ಮತವನ್ನು ಉದಾಹರಿಸಿದೆ. ಒತ್ತಿ ಕೇಳಿದಾಗ ಅವಳು ತಲೆಯಾಡಿಸಿ ಉತ್ತರಕೊಡುವಳು. ಜಗಳವಾಡಿದ್ದರೆ ಅದನ್ನೂ ಮಾಡಳು. ಗೆಳತಿಯನ್ನು ನಡುವೆ ಇಟ್ಟುಕೊಂಡು ಮಾತು ಬೆಳೆಸಬೇಕು. ಗೆಳತಿಯು ಅವಳ ಹೆಸರಿನಲ್ಲಿ ಇಲ್ಲದ್ದನ್ನೂ ಸೇರಿಸಿ ಹೇಳಿದಾಗ ಅವಳು ನಾನು ಹಾಗೆ ಹೇಳಲಿಲ್ಲವೆಂದು ಅರ್ಧಸ್ಫುಟವಾಗಿ ನುಡಿಯುವಳು. ನವವಧುವಿನ ಮೌನವನ್ನು ಇಷ್ಟು ಹತ್ತಿರದಿಂದ ಕಂಡು ಬರೆದ ಗದ್ಯವು ಕಾವ್ಯಗಳಲ್ಲಿಯೂ ಅಪೂರ್ವ. ಅಧ್ಯಾಯದ ಕೊನೆಯಲ್ಲಿ ಎರಡು ಕಡೆಯ ತಪ್ಪುಗಳನ್ನೂ ಹೇಳಿದೆ. ಅತಿಲಜ್ಜೆಯವಳೆಂದು ಅವಳನ್ನು ಉಪೇಕ್ಷಿಸಿ ದೂರವಿರುವವನನ್ನು ಅವಳು ಅಭಿಪ್ರಾಯವರಿಯದ ಪಶುವೆಂದು ತಿರಸ್ಕರಿಸುವಳು. ಅವಳ ಮನಸ್ಸನ್ನರಿಯದೆ ಬಲಾತ್ಕರಿಸಿದರೆ ಭಯ, ನಡುಕ, ಉದ್ವೇಗ, ದ್ವೇಷಗಳು ಹುಟ್ಟಿ, ಪುರುಷಜಾತಿಯನ್ನೇ ದ್ವೇಷಿಸುವವಳಾಗುವಳು.

ಇಷ್ಟರಿಂದ ವಾತ್ಸ್ಯಾಯನನನ್ನು ಇಂದಿನ ಕಾಲದ ಸುಧಾರಕನೆಂದು ಹೊಗಳುವುದು ತರವಲ್ಲ. ಅದೇ ಅಧಿಕರಣದ ಕೊನೆಯ ಅಧ್ಯಾಯದಲ್ಲಿ ಕನ್ಯೆಗೆ ಮಾದಕದ್ರವ್ಯವನ್ನು ಕುಡಿಸಿ ಕೆಡಿಸುವ ಪೈಶಾಚವೂ, ಕಾವಲುಗಾರರನ್ನು ಹೊಡೆದು ಅವಳನ್ನು ಒಯ್ಯುವ ರಾಕ್ಷಸವೂ ನಿರ್ಲಿಪ್ತವಾಗಿ ವರ್ಣಿತವಾಗಿವೆ. ಅನುರಾಗಮೂಲವಾದ ಗಾಂಧರ್ವವೇ ಮೇಲೆಂದು ತೀರ್ಮಾನಿಸಿದರೂ ಆ ವರ್ಣನೆಯು ಅಲ್ಲಿದೆ. ಮದುವೆಯಾದವಳ ಕಲಿಕೆಗೆ ಗಂಡನ ಒಪ್ಪಿಗೆಯನ್ನು ಅವನು ಕೇಳಿದುದೂ ಮರೆಯತಕ್ಕುದಲ್ಲ. ಅವನ ನಾಗರಕನು ಹಣವಂತ. ಅವನ ಕನ್ಯೆಗೆ ದಾದಿಯ ಮಗಳೂ ದಾಸಿಯೂ ಉಂಟು. ಹೊಲಗೆಲಸದ ಮನೆಯ ಹುಡುಗಿಗೆ ಯಾರು ಹೇಳಿದರೆಂಬುದನ್ನು ಶಾಸ್ತ್ರವು ಕೇಳಲಿಲ್ಲ.

ಈ ವ್ಯವಸ್ಥೆಯು ಕೆಟ್ಟುದು ಹೇಗೆ? ಧರ್ಮಸೂತ್ರಗಳಲ್ಲಿಯೇ ಅದರ ಬೀಜವಿದೆ. ಗೌತಮನು ಋತುವಿಗೆ ಮೊದಲೇ ಕನ್ಯಾದಾನವಾಗಬೇಕೆಂದನು. ಬಟ್ಟೆಯುಡುವ ವಯಸ್ಸಿಗೆ ಮೊದಲೆಂದು ಕೆಲವರ ಮತವೆಂದೂ ಹೇಳಿದನು. ಮನುವಿನಲ್ಲಿ ಎರಡು ದನಿಗಳು ಕೇಳಿಬರುತ್ತವೆ. 30 ವರ್ಷದವನಿಗೆ 12ರವಳು, 24ರವನಿಗೆ 8ರವಳು ಎಂಬುದು ಒಂದು. ಗುಣಹೀನನಿಗೆ ಕೊಡುವುದಕ್ಕಿಂತ ಋತುಮತಿಯಾದ ಮಗಳು ಸಾಯುವವರೆಗೆ ತವರಿನಲ್ಲಿರುವುದೇ ಲೇಸು, ಮೂರು ವರ್ಷ ಕಾದು ತಾನೇ ವರನನ್ನು ಆರಿಸಿಕೊಳ್ಳಲಿ ಎಂಬುದು ಇನ್ನೊಂದು. ಅನಂತರದ ಸ್ಮೃತಿಗಳಲ್ಲಿ ಎರಡನೆಯ ದನಿಯು ಅಡಗಿತು. ಎಂಟರವಳು ಗೌರಿ, ಒಂಬತ್ತರವಳು ರೋಹಿಣಿ, ಹತ್ತರವಳು ಕನ್ಯೆ, ಅದರಾಚೆ ರಜಸ್ವಲೆಯೆಂಬ ಮೆಟ್ಟಲುಗಳನ್ನು ಕಟ್ಟಿ, ಮೇಲಿನ ಮೆಟ್ಟಲನ್ನು ಮುಟ್ಟುವವರೆಗೆ ಮಗಳನ್ನು ಮನೆಯಲ್ಲಿಟ್ಟ ತಂದೆತಾಯಿಗಳಿಗೆ ನರಕವನ್ನು ವಿಧಿಸಿದರು. ಗೃಹ್ಯಗಳಲ್ಲಿ ಬರುವ ನಗ್ನಿಕಾಶಬ್ದದ ಅರ್ಥವೂ ಈ ಜಗಳಕ್ಕೆ ಸಿಕ್ಕಿತು. ಹಿರಣ್ಯಕೇಶಿಗೃಹ್ಯದ ವ್ಯಾಖ್ಯಾನಕಾರನಾದ ಮಾತೃದತ್ತನು ಋತುವು ಸಮೀಪಿಸಿದ, ಸಮಾಗಮಕ್ಕೆ ಯೋಗ್ಯಳಾದವಳೆಂದು ಅದನ್ನು ವಿವರಿಸಿದರೆ, ಇತರರು ಬತ್ತಲೆ ತಿರುಗುವ ಶಿಶುವೆಂದರು. ಒಂದು ಪದದ ಅರ್ಥದಮೇಲೆ ಎಷ್ಟು ಮಕ್ಕಳ ಬಾಳು ತೂಗಿತೆಂಬುದನ್ನು ನಿಘಂಟುಕಾರರು ಬರೆಯರು.

ಮದುವೆಯು ಶೈಶವಕ್ಕೆ ಇಳಿದಮೇಲೆ ತ್ರಿರಾತ್ರವ್ರತವು ಅರ್ಥಹೀನವಾಯಿತು. ಎಂಟು ವರ್ಷದ ಹುಡುಗಿಯ ಮುಂದೆ ಬ್ರಹ್ಮಚರ್ಯದ ವ್ರತವೇಕೆ? ಚತುರ್ಥೀಕರ್ಮವು ವಿವಾಹಪ್ರಯೋಗದಲ್ಲಿ ಬರಿಯ ಹೋಮವಾಗಿ ಉಳಿದು, ಗರ್ಭಾಧಾನವು ಬೇರೆಯಾಗಿ, ಪ್ರಥಮಾರ್ತವದ ಬೆನ್ನಿಗೇ ನಡೆಯತಕ್ಕ ಸಂಸ್ಕಾರವಾಯಿತು. ಮದುವೆಯಿಂದ ಪ್ರಸ್ತದವರೆಗೆ ವರ್ಷಗಳೇನೋ ಕಳೆಯುತ್ತಿದ್ದುವು. ಆದರೆ ಋತುದರ್ಶನಕ್ಕೂ ಸಮಾಗಮಕ್ಕೂ ನಡುವಣ ಅಂತರವು ಇಲ್ಲವಾಯಿತು. ದೇಹವು ಚಿಹ್ನೆಯನ್ನು ತೋರಿದೊಡನೆ ಕರ್ಮ, ತಿಳಿಸಿಹೇಳುವುದಕ್ಕೆ ದಿನವೆಲ್ಲಿ?

ಕಾಮಶಾಸ್ತ್ರದ ಪರಂಪರೆಯಲ್ಲಿಯೂ ಇದೇ ಲೋಪವು ಕಾಣುತ್ತದೆ. ಕೊಕ್ಕೋಕನ ರತಿರಹಸ್ಯದಲ್ಲಿ ಕನ್ಯಾವಿಸ್ರಂಭಣಕ್ಕೆ ಒಂದು ಪರಿಚ್ಛೇದವಿದೆ, ಆದರೆ ವಿದ್ಯಾಸಮುದ್ದೇಶವಿಲ್ಲ. ವರನಿಗೆ ಹೇಳುವ ಪಾಠ ಉಳಿಯಿತು, ಹುಡುಗಿಗೆ ಹೇಳುವ ಪಾಠ ಬಿದ್ದುಹೋಯಿತು. ಅದರ ಸ್ಥಾನದಲ್ಲಿ ಪದ್ಮಿನಿ, ಚಿತ್ರಿಣಿ, ಶಂಖಿನಿ, ಹಸ್ತಿನಿಯೆಂಬ ಜಾತಿವಿಭಾಗವು ಮುಂದೆ ಬಂದಿತು. ಕಲಿಯತಕ್ಕವಳು ಲಕ್ಷಣದಿಂದ ಗುರುತಿಸತಕ್ಕ ವಸ್ತುವಾದಳು. ಕನ್ನಡದಲ್ಲಿ ಚಾಲುಕ್ಯ ಜಯಸಿಂಹನ ಕಾಲದ ಚಂದ್ರರಾಜನು 11ನೆಯ ಶತಮಾನದಲ್ಲಿ ಮದನತಿಲಕವನ್ನೂ, 15ನೆಯ ಶತಮಾನದಲ್ಲಿ ಕಲ್ಲರಸನು ಜನವಶ್ಯವನ್ನೂ ರಚಿಸಿದರು. ಶಾಸ್ತ್ರವನ್ನು ದೇಶಭಾಷೆಗೆ ತಂದ ಶ್ರಮವು ಸ್ತುತ್ಯವೇ ಆದರೂ ಇವು ಪ್ರೌಢರಸಿಕರ ಓದಿಗೆ ಒದಗಿದ ಗ್ರಂಥಗಳು. ಮೈನೆರೆಯುತ್ತಿರುವ ಮಗಳ ಕೈಗೆ ಬರತಕ್ಕವಲ್ಲ.

ಆಕೆಗೆ ದೊರೆತುದು ಆಚಾರ. ಕರ್ನಾಟಕದ ಹಳ್ಳಿಗಳಲ್ಲಿ ಹುಡುಗಿಯು ದೊಡ್ಡವಳಾದಳೆಂದರೆ ಸೋದರಮಾವನು ಹಸಿರು ಸೊಪ್ಪು ತಂದು ಗುಡ್ಲು ಹಾಕುವನು. ಎಳ್ಳು, ಬೆಲ್ಲ, ಕೊಬ್ಬರಿ, ತುಪ್ಪಗಳನ್ನು ತಿನ್ನಿಸುವರು. ಹಸೆಯಮೇಲೆ ಕೂರಿಸಿ ಆರತಿಯೆತ್ತಿ ಒಸಗೆಯ ಹಾಡುಗಳನ್ನು ಹೇಳುವರು. ಈ ಆಚಾರದಲ್ಲಿ ಅವಮಾನವಿಲ್ಲ. ಊರಿಗೆಲ್ಲ ಸಂತೋಷದ ಸುದ್ದಿ. ಅತ್ತೆ, ಚಿಕ್ಕಮ್ಮ, ಅಕ್ಕಂದಿರು ಸುತ್ತ ನೆರೆಯುತ್ತಿದ್ದುದರಿಂದ ವಾತ್ಸ್ಯಾಯನನ ಪಟ್ಟಿಯ ಜನರೇ ಅಲ್ಲಿ ಕಲೆತಂತಾಗುತ್ತಿದ್ದಿತು. ಹಾಡಿನ ನಡುವೆ, ನಗೆಯ ನಡುವೆ ಒಂದೆರಡು ಮಾತು ಕಿವಿಗೆ ಬೀಳುತ್ತಿದ್ದಿರಬೇಕು. ಆದರೆ ಅದೇ ಗುಡ್ಲು ಅವಳನ್ನು ಹೊರಗಿಡುವ ಗುಡ್ಲೂ ಹೌದು. ಹೊರಗಾದಳೆಂಬ ಮಾತು ಮೊದಲು ಕಲಿಸುವುದು ಮೈಲಿಗೆಯನ್ನು. ರಜಸ್ಸು ರಸಧಾತುವಿನ ಪರಿಣಾಮವೆಂಬ ಸುಶ್ರುತನ ವಾಕ್ಯವು ಆ ಗುಡ್ಲಿನವರೆಗೆ ತಲಪಲಿಲ್ಲ.

ಅಂತರವು ಇಲ್ಲವಾದುದರ ಫಲವು ನ್ಯಾಯಾಲಯದ ಮುಂದೆ ಬಂದುದು 1890ರಲ್ಲಿ. ಕಲಕತ್ತೆಯಲ್ಲಿ 11 ವರ್ಷವನ್ನು ಸ್ವಲ್ಪವೇ ದಾಟಿದ್ದ ಫುಲ್ಮಣಿಯೆಂಬ ಬಾಲವಧುವು 1889ರಲ್ಲಿ ಪತಿಯ ಸಮಾಗಮದಿಂದಾದ ಗಾಯದಿಂದ ರಕ್ತಸ್ರಾವವಾಗಿ ಸತ್ತಳು. 1860ರ ದಂಡಸಂಹಿತೆಯು ಸಮ್ಮತಿಯ ವಯಸ್ಸನ್ನು 10 ಎಂದಿಟ್ಟಿದ್ದುದರಿಂದ ಪತಿಯಮೇಲೆ ಬಲಾತ್ಕಾರದ ಅಪರಾಧವನ್ನು ಹೊರಿಸಲಾಗಲಿಲ್ಲ. ಅವಿವೇಕದ ಕೃತ್ಯದಿಂದ ತೀವ್ರಗಾಯವನ್ನುಂಟುಮಾಡಿದನೆಂದು ಒಂದು ವರ್ಷದ ಕಠಿನ ಶಿಕ್ಷೆಯಾಯಿತು. ಆ ಕಾಲದಲ್ಲಿಯೇ ಭಾರತದಲ್ಲಿ ವೈದ್ಯವೃತ್ತಿಯಲ್ಲಿದ್ದ 55 ಮಂದಿ ಮಹಿಳೆಯರು ತಾವು ಕಂಡ ಬಾಲವಧುಗಳ ಗಾಯಗಳನ್ನು ಬರೆದು ವೈಸರಾಯರಿಗೆ ಮನವಿಯನ್ನು ಕಳುಹಿಸಿದರು. ಸಮ್ಮತಿಯ ವಯಸ್ಸನ್ನು 12ಕ್ಕೆ ಏರಿಸುವ ಮಸೂದೆಯು ಬಂದಾಗ ದೇಶವೆಲ್ಲ ಎರಡಾಯಿತು. 12ಕ್ಕೆ ಮೊದಲು ಋತುವಾದವಳಲ್ಲಿ ಗರ್ಭಾಧಾನವು ತಡೆದರೆ ಧರ್ಮಲೋಪವೆಂದು ವಿರೋಧಿಗಳು ಕೂಗಿದರು. ಪುಣೆಯಲ್ಲಿ ಬಾಲಗಂಗಾಧರ ತಿಲಕರು ಪರಸರಕಾರವು ಧರ್ಮದಲ್ಲಿ ಕೈಹಾಕಬಾರದೆಂದು ಬರೆದರು. ರಾಮಕೃಷ್ಣ ಗೋಪಾಲ ಭಾಂಡಾರಕರರು 1891ರಲ್ಲಿ ಪ್ರಕಟಿಸಿದ ಕಿರುಪುಸ್ತಕದಲ್ಲಿ ಗೃಹ್ಯಸೂತ್ರಗಳನ್ನು ಪರಿಶೀಲಿಸಿ, ಅಲ್ಲಿಯ ವಿವಾಹವು ಪ್ರಾಪ್ತವಯಸ್ಕಳದೇ ಎಂದು ವಾದಿಸಿದರು. ಎರಡು ಪಕ್ಷದವರೂ ಸಂಸ್ಕೃತಜ್ಞರು, ಎರಡು ಪಕ್ಷದಲ್ಲಿಯೂ ಪ್ರಮಾಣಗಳಿದ್ದುವು. ಮಾರ್ಚಿ ತಿಂಗಳಲ್ಲಿ ಕಾನೂನು ಜಾರಿಗೆ ಬಂದಿತು. ಹುಡುಗಿಗೆ ಏನನ್ನು ತಿಳಿಸಬೇಕೆಂಬ ಪ್ರಶ್ನೆಯನ್ನು ಮಾತ್ರ ಆ ದೊಡ್ಡ ವಾದವು ಎತ್ತಿಕೊಳ್ಳಲೇ ಇಲ್ಲ.

ಅದರ ಮುಂದಿನ ಚರಿತ್ರೆಯು ಅಂಕಿಗಳ ಚರಿತ್ರೆ. ಮೈಸೂರು ಸಂಸ್ಥಾನವು 1894ರಲ್ಲಿ 8 ವರ್ಷ ತುಂಬದ ಹುಡುಗಿಯ ಮದುವೆಯನ್ನೂ, 50 ದಾಟಿದವನು 14 ತುಂಬದವಳನ್ನು ಮದುವೆಯಾಗುವುದನ್ನೂ ನಿಷೇಧಿಸಿತು. ಸ್ಮೃತಿಯ ಮೊದಲ ಮೆಟ್ಟಲಾದ ಗೌರಿಯ ವಯಸ್ಸೇ ರಾಜಶಾಸನದ ಗಡಿಯೂ ಆದುದು ಗಮನಾರ್ಹ. ಹರಬಿಲಾಸ ಸಾರಡಾ ಅವರ 1929ರ ಕಾಯಿದೆಯು ಹುಡುಗಿಗೆ 14, ಹುಡುಗನಿಗೆ 18 ಎಂದಿತು. 1949ರಲ್ಲಿ ಹುಡುಗಿಯ ವಯಸ್ಸು 15 ಆಯಿತು. 1978ರಲ್ಲಿ 18 ಮತ್ತು 21 ಆದುವು. 2006ರ ಕೇಂದ್ರದ ಕಾಯಿದೆಗೆ ಕರ್ನಾಟಕವು 2016ರಲ್ಲಿ ತಂದ ತಿದ್ದುಪಡಿಯಿಂದ ಇಲ್ಲಿ ಬಾಲ್ಯವಿವಾಹವು ಮೊದಲಿನಿಂದಲೇ ಅಸಿಂಧು. 18 ತುಂಬದ ಪತ್ನಿಯೊಡನೆ ಸಮಾಗಮವು ಬಲಾತ್ಕಾರವೇ ಎಂದು ಸರ್ವೋಚ್ಚ ನ್ಯಾಯಾಲಯವು 2017ರಲ್ಲಿ ತೀರ್ಪಿತ್ತಿತು. ಸುಶ್ರುತನು ಕೇಳಿದ ಹದಿನಾರನ್ನು ದಾಟಿ ಕಾನೂನು ಎರಡು ವರ್ಷ ಮುಂದೆ ಹೋಗಿದೆ.

ಹೀಗೆ ಅಂತರವು ಮರಳಿ ಬಂದಿತು. ಅದೂ ಪ್ರಾಚೀನರು ಊಹಿಸಿದುದಕ್ಕಿಂತ ದೀರ್ಘವಾಗಿ. ಹನ್ನೆರಡು ಹದಿಮೂರರಲ್ಲಿ ಋತುಮತಿಯಾದವಳಿಗೆ ವಿವಾಹಕ್ಕೆ ಮೊದಲು ಐದಾರು ವರ್ಷಗಳಾದರೂ ಉಂಟು. ಅದನ್ನು ತುಂಬತಕ್ಕ ಉಪದೇಶವು ಅಷ್ಟು ಸುಲಭವಾಗಿ ಮರಳಲಿಲ್ಲ. ಕೇಂದ್ರಸರಕಾರವು ಶಾಲೆಗಳಿಗಾಗಿ ಸಿದ್ಧಪಡಿಸಿದ ಕಿಶೋರಶಿಕ್ಷಣದ ಯೋಜನೆಯನ್ನು 2007ರಲ್ಲಿ ಕರ್ನಾಟಕವೂ ಸೇರಿದಂತೆ ಹಲವು ರಾಜ್ಯಗಳು ತಡೆಹಿಡಿದುವು. ಅದು ದೇಶದ ಸಂಸ್ಕೃತಿಗೆ ವಿರುದ್ಧವೆಂಬುದು ಆಗ ಬಲವಾಗಿ ಕೇಳಿಬಂದ ಕಾರಣ. ಪಠ್ಯದ ಚಿತ್ರಗಳು ಆ ವಯಸ್ಸಿಗೆ ತಕ್ಕವೇ ಎಂಬುದು ವಿಚಾರಿಸತಕ್ಕ ಪ್ರಶ್ನೆಯೇ. ವಾತ್ಸ್ಯಾಯನನೂ ಏಕಾಂತವನ್ನೂ ನಂಬಿಕೆಯನ್ನೂ ಕೇಳಿದವನು. ಆದರೆ ಸಂಸ್ಕೃತಿಯ ಹೆಸರನ್ನೆತ್ತಿದವರು ವಿದ್ಯಾಸಮುದ್ದೇಶವನ್ನು ಓದಿದ್ದರೆಂದು ತೋರುವುದಿಲ್ಲ.

ಇದಕ್ಕೆ ಬಹುಕಾಲ ಮೊದಲೇ ಕನ್ನಡದಲ್ಲಿ ಈ ಕೆಲಸವನ್ನು ಕೈಗೊಂಡವರು ವೈದ್ಯೆಯೂ ಕಾದಂಬರಿಕಾರ್ತಿಯೂ ಆಗಿದ್ದ ಅನುಪಮಾ ನಿರಂಜನರು. 1991ರಲ್ಲಿ ತೀರಿಕೊಂಡ ಅವರ ದಾಂಪತ್ಯದೀಪಿಕೆ, ತಾಯಿ ಮಗು, ವಧುವಿಗೆ ಕಿವಿಮಾತು ಎಂಬ ಪುಸ್ತಕಗಳು ಮನೆಮನೆಗಳನ್ನು ಹೊಕ್ಕುವು. ಮದುವೆಯಲ್ಲಿ ಉಡುಗೊರೆಯಾಗಿ ಕೊಡುವವರೂ ಇದ್ದರು. ಕಿವಿಮಾತೆಂಬ ಹೆಸರನ್ನು ಆರಿಸಿದವರು ಕಾಮಸೂತ್ರದ ಮೂರನೆಯ ಅಧ್ಯಾಯವನ್ನು ನೋಡಿದ್ದರೋ ಇಲ್ಲವೋ, ನಂಬಿಕೆಯವಳಿಂದ ಏಕಾಂತದಲ್ಲಿ ಎಂಬ ಅಲ್ಲಿಯ ವಿಧಿಗೆ ಕನ್ನಡದಲ್ಲಿ ಅದಕ್ಕಿಂತ ಒಪ್ಪುವ ಮಾತಿಲ್ಲ. ಆದರೆ ಆ ಪುಸ್ತಕವು ಹುಡುಗಿಯ ಕೈಸೇರುತ್ತಿದ್ದುದು ಅವಳು ವಧುವಾದಮೇಲೆ. ಸೂತ್ರಕಾರನು ಹೇಳಿದುದು ಯೌವನಕ್ಕೆ ಮೊದಲೆಂದು.